ಹೊಲದ ಮೇಲಣ ತಂತಿ

1902ನೆಯ ಇಸವಿಯ ಜೂನ್ 30ರಂದು ಶಿವನಸಮುದ್ರದಲ್ಲಿ ಕಾವೇರಿಯ ಧುಮ್ಮಿಕ್ಕುವ ನೀರಿನಿಂದ ಉತ್ಪನ್ನವಾದ ವಿದ್ಯುಚ್ಛಕ್ತಿಯು ಸುಮಾರು 92 ಮೈಲಿಗಳ ದೂರವನ್ನು ತಂತಿಯ ಮೇಲೆ ಕ್ರಮಿಸಿ ಕೋಲಾರದ ಚಿನ್ನದ ಗಣಿಗಳನ್ನು ಮುಟ್ಟಿತು. ಅಷ್ಟು ದೂರಕ್ಕೆ ವಿದ್ಯುತ್ತನ್ನು ಒಯ್ದ ಮಾರ್ಗಗಳು ಅಂದಿನ ಪ್ರಪಂಚದಲ್ಲೇ ವಿರಳವಾಗಿದ್ದುದರಿಂದ ಈ ಸಂಗತಿಯನ್ನು ನಮ್ಮ ನಾಡು ಇಂದಿಗೂ ಹೆಮ್ಮೆಯಿಂದ ಸ್ಮರಿಸುತ್ತದೆ. ಯೋಜನೆಯನ್ನು ರೂಪಿಸಿದ ಇಂಜಿನಿಯರು ಜೋಲಿ ದ ಲಾಟ್‌ಬಿನಿಯೇರ್ ಅವರ ಸಾಹಸವನ್ನೂ, ಅದಕ್ಕೆ ಬೆಂಬಲವಾಗಿ ನಿಂತು, ಫಲವನ್ನು ಕಣ್ಣಾರೆ ಕಾಣುವ ಮೊದಲೇ 1901ರಲ್ಲಿ ಕಾಲವಶರಾದ ದಿವಾನ್ ಶೇಷಾದ್ರಿ ಅಯ್ಯರ್ ಅವರ ದೂರದೃಷ್ಟಿಯನ್ನೂ, ಅನಂತರ 1905ರಲ್ಲಿ ಬೆಂಗಳೂರಿನ ಬೀದಿಗಳು ವಿದ್ಯುದ್ದೀಪಗಳಿಂದ ಬೆಳಗಿದುದನ್ನೂ ಬರೆದವರು ಅನೇಕರಿದ್ದಾರೆ. ಜಲಪಾತಕ್ಕೂ ಗಣಿಗೂ ನಡುವಣ ನೆಲದ ಮಾತನ್ನು ಎತ್ತಿದವರು ಮಾತ್ರ ವಿರಳ. ಕಂಬವೊಂದು ನಿಲ್ಲಬೇಕಾದರೆ ಅದಕ್ಕೆ ನೆಲವೊಂದು ಬೇಕು. ಆ ನೆಲಕ್ಕೆ ಒಡೆಯನೊಬ್ಬನಿರುತ್ತಾನೆ. ಎರಡು ಕಂಬಗಳ ನಡುವೆ ತೂಗುವ ತಂತಿಯ ಕೆಳಗೂ ಉಳುವವನೊಬ್ಬನಿರುತ್ತಾನೆ. ಇವರಿಗೂ ವಿದ್ಯುತ್ತನ್ನು ಒಯ್ಯುವವರಿಗೂ ನಡುವೆ ಕಾಲಕ್ರಮದಲ್ಲಿ ಎದ್ದ ವ್ಯಾಜ್ಯಗಳ ಇತಿಹಾಸವೇ ಈ ಬರವಣಿಗೆಯ ವಸ್ತು.

ಶಿವನಸಮುದ್ರದ ಮಾರ್ಗದ ಕಾಲಕ್ಕೆ ನಿರ್ಮಾಪಕನೂ ಪ್ರಭುವೂ ಒಬ್ಬರೇ ಆಗಿದ್ದರು. ಮೈಸೂರು ಸಂಸ್ಥಾನವೇ ತಂತಿಯನ್ನು ಎಳೆಯಿತು, ಸಂಸ್ಥಾನವೇ ನೆಲದ ಕಂದಾಯವನ್ನು ವಸೂಲು ಮಾಡುತ್ತಿತ್ತು, ನ್ಯಾಯವನ್ನು ಹೇಳುತ್ತಿದ್ದುದೂ ಸಂಸ್ಥಾನವೇ. ಆದುದರಿಂದ ರೈತನ ಹಕ್ಕಿಗೂ ತಂತಿಯ ಹಕ್ಕಿಗೂ ನಡುವಣ ಗೆರೆಯೆಲ್ಲಿ ಎಂಬ ಪ್ರಶ್ನೆಯು ಅಲ್ಲಿ ನಿಚ್ಚಳವಾದ ರೂಪವನ್ನು ತಾಳುವಂತಿರಲಿಲ್ಲ. ಆ ಪ್ರಶ್ನೆಗೆ ನ್ಯಾಯಶಾಸ್ತ್ರದ ರೂಪವು ದೊರೆತುದು ವಿದ್ಯುತ್ತಿನ ಮೂಲಕವಲ್ಲ, ಅದಕ್ಕಿಂತ ಅರ್ಧ ಶತಮಾನ ಮೊದಲು ಬಂದ ಟೆಲಿಗ್ರಾಫಿನ ಮೂಲಕ. ಆದಕಾರಣ ಕಥೆಯನ್ನು ಅಲ್ಲಿಂದಲೇ ಆರಂಭಿಸುವುದು ಯುಕ್ತ.

ನೆಲದ ಒಡೆಯನಿಗೆ ಮೇಲೆ ಆಕಾಶದವರೆಗೂ ಕೆಳಗೆ ಪಾತಾಳದವರೆಗೂ ಒಡೆತನವುಂಟೆಂಬುದು ಇಂಗ್ಲೆಂಡಿನ ನ್ಯಾಯವೇತ್ತರು ಶತಮಾನಗಳ ಕಾಲ ಪಠಿಸಿದ ಸೂತ್ರ. ಆಕಾಶದಲ್ಲಿ ಹಕ್ಕಿಯನ್ನೂ ಮೋಡವನ್ನೂ ಬಿಟ್ಟು ಬೇರಾವುದೂ ಸಂಚರಿಸದಿದ್ದ ಕಾಲದಲ್ಲಿ ಈ ಸೂತ್ರದಿಂದ ಯಾರಿಗೂ ಬಾಧೆಯಿರಲಿಲ್ಲ. ನೆರೆಯವನ ಸೂರಿನ ಅಂಚು ತನ್ನ ಹಿತ್ತಿಲಿನ ಮೇಲೆ ಚಾಚಿದಾಗಲೋ ಮರದ ಕೊಂಬೆ ಬೇಲಿಯಾಚೆಗೆ ಬಾಗಿದಾಗಲೋ ಅದು ಪ್ರಯೋಜನಕ್ಕೆ ಬರುತ್ತಿತ್ತು. ತಂತಿಗಳು ಬಂದಮೇಲೆ ಸೂತ್ರದ ಪರೀಕ್ಷೆಯಾಯಿತು. 1884ರಲ್ಲಿ ಲಂಡನ್ನಿನ ವಾಂಡ್ಸ್‌ವರ್ತ್ ಪ್ರದೇಶದ ಸ್ಥಳೀಯ ಮಂಡಳಿಯು, ತನ್ನ ಬೀದಿಯ ಮೇಲೆ ಒಂದು ಮನೆಯ ಮಾಡಿನಿಂದ ಇನ್ನೊಂದು ಮನೆಯ ಮಾಡಿಗೆ ಟೆಲಿಫೋನ್ ತಂತಿಯನ್ನೆಳೆದಿದ್ದ ಕಂಪನಿಯೊಂದರ ಮೇಲೆ ದಾವೆ ಹೂಡಿತು. ಬೀದಿಯು ಮಂಡಳಿಗೆ ಸೇರಿದುದಾದರೂ ಆ ಸ್ವಾಮ್ಯವು ಬೀದಿಯನ್ನು ಬೀದಿಯಾಗಿ ಬಳಸಲು ಬೇಕಾದಷ್ಟು ಎತ್ತರಕ್ಕೆ ಮಾತ್ರ ಸಲ್ಲುವುದೆಂದು ಅಲ್ಲಿನ ಅಪೀಲು ನ್ಯಾಯಾಲಯವು ತೀರ್ಮಾನಿಸಿ, ತಂತಿಯನ್ನು ತೆಗೆಸಲೊಪ್ಪಲಿಲ್ಲ. ಆದರೆ ಅದೇ ತೀರ್ಪಿನಲ್ಲಿ ನ್ಯಾಯಾಧೀಶರೊಬ್ಬರು, ಸಾಮಾನ್ಯ ಭೂಮಾಲೀಕನ ವಿಷಯ ಬೇರೆಯೆಂದೂ, ತನ್ನ ಸ್ವಂತ ನೆಲದ ಮೇಲೆ ಎಷ್ಟೇ ಎತ್ತರದಲ್ಲಿ ಹಾದ ತಂತಿಯನ್ನಾದರೂ ಕತ್ತರಿಸಿಹಾಕಲು ಆತನಿಗೆ ಅಧಿಕಾರವಿದೆಯೆಂದೂ ನಿಸ್ಸಂದೇಹವಾಗಿ ನುಡಿದರು. ಶಾಸನದ ಬಲವಿಲ್ಲದೆ ಖಾಸಗಿ ನೆಲದ ಮೇಲೆ ತಂತಿಯು ಹಾಯಲಾರದೆಂಬ ಅಂಶ ಇದರಿಂದ ಸ್ಪಷ್ಟವಾಯಿತು.

ಭಾರತದಲ್ಲಿ ಶಾಸನದ ಬಲಕ್ಕೆ ಕೊರತೆಯಿರಲಿಲ್ಲ. 1850ರ ಸುಮಾರಿನಲ್ಲಿ ಕಲ್ಕತ್ತೆಯಿಂದ ಡೈಮಂಡ್ ಹಾರ್ಬರಿನ ಕಡೆಗೆ ವಿಲಿಯಂ ಓಷಾನೆಸ್ಸಿ ಎಂಬ ವೈದ್ಯನು ಪ್ರಯೋಗಾರ್ಥವಾಗಿ ತಂತಿಯನ್ನೆಳೆದಂದಿನಿಂದ ಟೆಲಿಗ್ರಾಫು ಈ ದೇಶದಲ್ಲಿ ಸರ್ಕಾರದ ಸೊತ್ತಾಯಿತು. 1854ರಲ್ಲಿ ಮೊದಲ ಅಧಿನಿಯಮವು ಬಂದಿತು. 1857ರ ದಂಗೆಯಲ್ಲಿ ಬಂಡೆದ್ದವರು ತಂತಿಗಳನ್ನು ಕಡಿದುಹಾಕಿದ ಮೇಲಂತೂ, ರಾಜ್ಯದ ಪ್ರಾಣವು ಆ ಲೋಹದ ಎಳೆಯ ಮೇಲೆಯೇ ನಿಂತಿದೆಯೆಂಬ ಭಾವನೆಯು ಆಳುವವರಲ್ಲಿ ದೃಢವಾಯಿತು. ಈ ಭಾವನೆಯ ಪರಿಪಕ್ವವಾದ ಫಲವೇ 1885ನೆಯ ಇಸವಿಯ 13ನೆಯ ಅಧಿನಿಯಮ, ಅರ್ಥಾತ್ ಭಾರತೀಯ ಟೆಲಿಗ್ರಾಫ್ ಅಧಿನಿಯಮ. ಇದರ ಮೂರನೆಯ ಭಾಗವು ತಂತಿಗಳನ್ನು ನೆಲದ ಮೇಲೆ ಹಾಯಿಸುವ ವಿಷಯಕ್ಕೆ ಮೀಸಲಾದುದು. ಮುಂದಿನ 100 ವರ್ಷಗಳಿಗೂ ಮಿಗಿಲಾದ ಕಾಲ ನಮ್ಮ ರೈತರ ಹೊಲಗಳಲ್ಲಿ ಎದ್ದ ವಿದ್ಯುತ್ ಕಂಬ ಗೋಪುರಗಳೆಲ್ಲಕ್ಕೂ ಈ ಕೆಲವೇ ಪುಟಗಳು ಆಧಾರವಾದುದರಿಂದ ಅವುಗಳನ್ನು ಸಾವಧಾನವಾಗಿ ಪರಿಶೀಲಿಸಬೇಕು.

ಅಧಿನಿಯಮದ 10ನೆಯ ಕಲಮಿನ ಪ್ರಕಾರ ಟೆಲಿಗ್ರಾಫ್ ಪ್ರಾಧಿಕಾರವು ಯಾವುದೇ ಸ್ಥಿರಾಸ್ತಿಯ ಕೆಳಗೆ, ಮೇಲೆ, ಉದ್ದಕ್ಕೆ ಅಥವಾ ಅಡ್ಡಲಾಗಿ ತಂತಿಯನ್ನು ಹಾಯಿಸಬಹುದು, ಕಂಬಗಳನ್ನು ನಿಲ್ಲಿಸಬಹುದು. ಇದಕ್ಕೆ ಒಡೆಯನ ಪೂರ್ವಾನುಮತಿಯು ಬೇಕೆಂದು ಕಲಮು ಎಲ್ಲಿಯೂ ಹೇಳುವುದಿಲ್ಲ. ಪುರಸಭೆ ಮೊದಲಾದ ಸ್ಥಳೀಯ ಸಂಸ್ಥೆಗಳ ಆಸ್ತಿಯಾದರೆ ಮಾತ್ರ ಆ ಸಂಸ್ಥೆಯ ಅನುಮತಿ ಅವಶ್ಯಕ. ಆದರೆ ಅಧಿಕಾರವನ್ನು ಇಷ್ಟು ವಿಶಾಲವಾಗಿ ಕೊಟ್ಟ ಶಾಸನಕಾರರು ಅದಕ್ಕೆ ಮೂರು ಮಿತಿಗಳನ್ನು ಹಾಕಿದರು. ಸರ್ಕಾರಕ್ಕೆ ಆ ನೆಲದಲ್ಲಿ ಬಳಕೆಯ ಹಕ್ಕಲ್ಲದೆ ಬೇರೆ ಯಾವ ಹಕ್ಕೂ ಪ್ರಾಪ್ತವಾಗದು. ಕೆಲಸ ನಡೆಸುವಾಗ ಸಾಧ್ಯವಾದಷ್ಟು ಕಡಿಮೆ ಹಾನಿಯನ್ನು ಮಾಡತಕ್ಕದ್ದು. ಆದ ಹಾನಿಗೆ ಸಂಬಂಧಪಟ್ಟವರೆಲ್ಲರಿಗೂ ಪೂರ್ಣ ಪರಿಹಾರವನ್ನು ಕೊಡತಕ್ಕದ್ದು. ಒಡೆಯನು ಅಡ್ಡಿಪಡಿಸಿದರೆ 16ನೆಯ ಕಲಮಿನಂತೆ ಜಿಲ್ಲಾ ಮ್ಯಾಜಿಸ್ಟ್ರೇಟರ ಆಜ್ಞೆಯನ್ನು ಪಡೆಯಬೇಕು. ಆಜ್ಞೆಯಾದ ಮೇಲೂ ಅಡ್ಡಬಂದರೆ ಅದು ದಂಡನೀಯ ಅಪರಾಧ. ಪರಿಹಾರವು ಸಾಲದೆಂಬ ತಕರಾರೆದ್ದರೆ ಜಿಲ್ಲಾ ನ್ಯಾಯಾಧೀಶರು ಅದನ್ನು ನಿರ್ಧರಿಸುವರು, ಅವರ ನಿರ್ಧಾರವೇ ಅಂತಿಮ.

ಇವುಗಳ ಜೊತೆಗೆ 17ನೆಯ ಕಲಮೊಂದಿದೆ. ವಕೀಲರ ಬಾಯಲ್ಲಿ ಅದರ ಹೆಸರು ಅಷ್ಟಾಗಿ ಕೇಳಿಬರುವುದಿಲ್ಲವಾದರೂ ನನಗೆ ಈ ಶಾಸನದ ಹೃದಯವು ಅಲ್ಲಿಯೇ ಕಾಣುತ್ತದೆ. ತನ್ನ ನೆಲವನ್ನು ಬೇರೊಂದು ರೀತಿಯಲ್ಲಿ ಉಪಯೋಗಿಸಬಯಸುವ ಒಡೆಯನು, ಅದಕ್ಕೆ ಅಡ್ಡವಾಗಿರುವ ತಂತಿಯನ್ನು ಅದೇ ಆಸ್ತಿಯ ಇನ್ನೊಂದು ಭಾಗಕ್ಕೆ ಸರಿಸಬೇಕೆಂದು ಪ್ರಾಧಿಕಾರವನ್ನು ಕೇಳಬಹುದು. ಮೊದಲೇ ಪರಿಹಾರವನ್ನು ಪಡೆದಿದ್ದ ಪಕ್ಷದಲ್ಲಿ ಸ್ಥಳಾಂತರದ ವೆಚ್ಚವನ್ನಾಗಲಿ ಪಡೆದ ಪರಿಹಾರದ ಅರ್ಧವನ್ನಾಗಲಿ, ಎರಡರಲ್ಲಿ ಯಾವುದು ಕಡಿಮೆಯೋ ಅಷ್ಟನ್ನು, ಅವನು ಮುಂದಿಡಬೇಕು. ಪ್ರಾಧಿಕಾರವು ಒಪ್ಪದಿದ್ದರೆ ಜಿಲ್ಲಾ ಮ್ಯಾಜಿಸ್ಟ್ರೇಟರಿಗೆ ಮೊರೆಯಿಡಬೇಕು. ಅಂದರೆ ಶಾಸನಕಾರರ ಮನಸ್ಸಿನಲ್ಲಿದ್ದ ತಂತಿಯು ಹೊಲಕ್ಕೆ ಬಂದ ಅತಿಥಿಯಾಗಿತ್ತು. ಒಡೆಯನು ತನ್ನ ಹೊಲದಲ್ಲಿ ಮನೆ ಕಟ್ಟಬೇಕೆಂದಾಗಲಿ ಬಾವಿ ತೋಡಬೇಕೆಂದಾಗಲಿ ಬಯಸಿದರೆ ಎರಡು ಕಂಬಗಳನ್ನು ಕಿತ್ತು ಪಕ್ಕಕ್ಕೆ ನೆಟ್ಟು ತಂತಿಯನ್ನು ಬಿಗಿದರಾಯಿತು. ಟೆಲಿಗ್ರಾಫಿನ ತಂತಿಯ ಕೆಳಗೆ ನೇಗಿಲು ಹರಿಯುತ್ತಿತ್ತು, ಕಂಬದ ಬುಡದಲ್ಲಿ ದನ ಮೇಯುತ್ತಿತ್ತು, ತಂತಿಗೆ ಮುಟ್ಟುವ ಒಂದೆರಡು ಕೊಂಬೆಗಳನ್ನು ಸವರುವುದನ್ನು ಬಿಟ್ಟರೆ ಬೆಳೆಗಾರನಿಗೆ ಬೇರೆ ನಷ್ಟವಿರಲಿಲ್ಲ. ಮರದ ವಿಷಯಕ್ಕೆಂದೇ ಇದ್ದ 18ನೆಯ ಕಲಮು, ತಂತಿಗಿಂತ ಮೊದಲೇ ಅಲ್ಲಿದ್ದ ಮರವನ್ನು ಕಡಿಸಿದರೆ ನ್ಯಾಯವಾದ ಪರಿಹಾರವು ಸಲ್ಲಬೇಕೆಂದು ವಿಧಿಸಿತ್ತು. ಪರಕೀಯ ಸರ್ಕಾರವು ತನ್ನ ಆಡಳಿತದ ಅನುಕೂಲಕ್ಕಾಗಿಯೇ ಮಾಡಿಕೊಂಡ ಶಾಸನವಾದರೂ, ತಾನು ಕಲ್ಪಿಸಿಕೊಂಡ ವಸ್ತುವಿನ ಮಟ್ಟಿಗೆ ಅದು ಅನ್ಯಾಯದ ಶಾಸನವಾಗಿರಲಿಲ್ಲವೆಂದೇ ನನ್ನ ಅಭಿಪ್ರಾಯ. ಅನ್ಯಾಯವು ಹುಟ್ಟಿದುದು ಆ ವಸ್ತುವೇ ಬದಲಾದಾಗ.

1897ರಲ್ಲಿ ಡಾರ್ಜಿಲಿಂಗಿನ ಬಳಿ ಸಣ್ಣದೊಂದು ಜಲವಿದ್ಯುದಾಗಾರವೂ, ಎರಡು ವರ್ಷಗಳ ತರುವಾಯ ಕಲ್ಕತ್ತೆಯಲ್ಲಿ ವಿದ್ಯುತ್ ಸರಬರಾಜೂ ಆರಂಭವಾದ ಮೇಲೆ ಬ್ರಿಟಿಷ್ ಇಂಡಿಯಾಕ್ಕೆ 1903ರಲ್ಲಿ ಒಂದು ವಿದ್ಯುಚ್ಛಕ್ತಿ ಅಧಿನಿಯಮವು ಬಂದಿತು. ಅದನ್ನು ತಳ್ಳಿ 1910ರ ಅಧಿನಿಯಮವು ಬಂದಿತು. ಈ ಎರಡನೆಯ ಶಾಸನದಲ್ಲಿ ಗಮನಿಸತಕ್ಕ ವಿಷಯವೊಂದುಂಟು. ಲೈಸೆನ್ಸು ಪಡೆದ ಖಾಸಗಿ ಕಂಪನಿಗಳು ಬೀದಿಗಳನ್ನು ಅಗೆಯಬಹುದಾದರೂ, ಸಾರ್ವಜನಿಕ ಬಳಕೆಗೆ ಸಲ್ಲದ ನೆಲದಲ್ಲಿ ಒಡೆಯನ ಮತ್ತು ಸ್ವಾಧೀನದಾರನ ಸಮ್ಮತಿಯಿಲ್ಲದೆ ತಂತಿಯನ್ನೆಳೆಯಲಾಗದೆಂದು ಅದರ 12ನೆಯ ಕಲಮು ಸ್ಪಷ್ಟವಾಗಿ ವಿಧಿಸಿತು. ಸಮ್ಮತಿಯೇ ನಿಯಮವಾಯಿತು. ಆದರೆ ಅದೇ ಶಾಸನದ ಕೊನೆಯ ಭಾಗದಲ್ಲಿ, 51ನೆಯ ಕಲಮಿನಲ್ಲಿ, ಟೆಲಿಗ್ರಾಫ್ ಪ್ರಾಧಿಕಾರಕ್ಕಿರುವ ಅಧಿಕಾರಗಳನ್ನು ಸರ್ಕಾರವು ಲಿಖಿತ ಆಜ್ಞೆಯ ಮೂಲಕ ಸಾರ್ವಜನಿಕ ಅಧಿಕಾರಿಗಾಗಲಿ ಲೈಸೆನ್ಸುದಾರನಿಗಾಗಲಿ ದಯಪಾಲಿಸಬಹುದೆಂಬ ಅಪವಾದವೊಂದನ್ನು ಸೇರಿಸಲಾಯಿತು. ಆ ಆಜ್ಞೆಯು ಕೈಸೇರಿದೊಡನೆ ಸಮ್ಮತಿಯ ನಿಯಮವು ಹಿಂದೆ ಸರಿಯುತ್ತಿತ್ತು. ವಿದ್ಯುತ್ತಿನ ತಂತಿಯು ಟೆಲಿಗ್ರಾಫಿನ ತಂತಿಯ ಹೆಸರಿನಲ್ಲಿ ಹೊಲವನ್ನು ಪ್ರವೇಶಿಸುತ್ತಿತ್ತು. ನಿಯಮವು ಕಾಲಾಂತರದಲ್ಲಿ ಗ್ರಂಥಸ್ಥವಾಗಿ ಉಳಿದು ಅಪವಾದವೇ ಲೋಕರೂಢಿಯಾದುದು ಈ ಇತಿಹಾಸದ ಮುಖ್ಯವಾದ ತಿರುವು.

ಸ್ವಾತಂತ್ರ್ಯಾನಂತರ ಈ ಗತಿಯು ತೀವ್ರವಾಯಿತು. 1948ರ ವಿದ್ಯುಚ್ಛಕ್ತಿ ಸರಬರಾಜು ಅಧಿನಿಯಮವು ರಾಜ್ಯಗಳಲ್ಲಿ ವಿದ್ಯುಚ್ಛಕ್ತಿ ಮಂಡಳಿಗಳನ್ನು ಸ್ಥಾಪಿಸಲು ಅವಕಾಶ ಕಲ್ಪಿಸಿದುದಲ್ಲದೆ, ಮಂಜೂರಾದ ಯೋಜನೆಯಲ್ಲಿ ಅದಕ್ಕೆ ಏರ್ಪಾಡಿದ್ದಲ್ಲಿ ಮಂಡಳಿಗಳಿಗೆ ಟೆಲಿಗ್ರಾಫ್ ಪ್ರಾಧಿಕಾರದ ಅಧಿಕಾರಗಳೆಲ್ಲವೂ ಇರತಕ್ಕದ್ದೆಂದು ತನ್ನ 42ನೆಯ ಕಲಮಿನಲ್ಲಿ ಹೇಳಿತು. ನಮ್ಮಲ್ಲಿ ಜೋಗದ ಜಲವಿದ್ಯುದಾಗಾರವು ಚಾಲನೆಗೊಂಡು, 1957ರಲ್ಲಿ ವಿದ್ಯುಚ್ಛಕ್ತಿ ಮಂಡಳಿಯು ಸ್ಥಾಪಿತವಾಗಿ, 1960ರ ದಶಕದಲ್ಲಿ ಶರಾವತಿಯ ಮಹಾಯೋಜನೆಯು ಫಲಕ್ಕೆ ಬಂದಾಗ, ಮಲೆನಾಡಿನ ಕಣಿವೆಗಳಿಂದ ಬಯಲುಸೀಮೆಯ ಕಾರ್ಖಾನೆಗಳ ಕಡೆಗೆ ಉಕ್ಕಿನ ಗೋಪುರಗಳ ಸಾಲುಗಳು ಹೊರಟವು. ಅಂದಿನ ಜನರಲ್ಲಿ ವಿದ್ಯುತ್ತಿನ ಬಗ್ಗೆ ಭಕ್ತಿಯೇ ಇದ್ದಿತೆಂದರೆ ಉತ್ಪ್ರೇಕ್ಷೆಯಲ್ಲ. ಪಂಪ್‌ಸೆಟ್ಟಿನ ನೀರನ್ನೂ ಮನೆಯ ದೀಪವನ್ನೂ ತರುವ ತಂತಿಗೆ ಎರಡು ಗುಂಟೆ ನೆಲವು ಹೋದರೆ ಹೋಗಲಿ ಎಂಬ ಔದಾರ್ಯವು ರೈತರಲ್ಲಿತ್ತು. ಆದರೆ ಹೊಲದ ಮೇಲೆ ಹಾಯುವ ಹೈಟೆನ್ಷನ್ ಲೈನಿನಿಂದ ಆ ಹೊಲದವನ ಮನೆಗೆ ಕರೆಂಟು ಬರುವುದಿಲ್ಲ. ಅದು ಎಲ್ಲಿಯದೋ ಉತ್ಪಾದನಾ ಕೇಂದ್ರದಿಂದ ಎಲ್ಲಿಯದೋ ನಗರಕ್ಕೆ ಹೋಗುವಂಥದು. ಈ ತಿಳಿವಳಿಕೆ ಹಳ್ಳಿಗಳಲ್ಲಿ ಹರಡಿದಂತೆಲ್ಲ ಆ ಔದಾರ್ಯವು ಕ್ಷೀಣಿಸುತ್ತ ಬಂದಿತು.

ಟೆಲಿಗ್ರಾಫಿನ ತಂತಿಗೂ ವಿದ್ಯುತ್ತಿನ ಲೈನಿಗೂ ಇರುವ ಅಂತರವು ಎಷ್ಟೆಂಬುದನ್ನು ಅಳತೆಗಳಿಂದಲೇ ಅರಿಯಬಹುದು. 66 ಕಿಲೋವೋಲ್ಟಿನ ಮಾರ್ಗವೊಂದಕ್ಕೆ 18 ಮೀಟರ್ ಅಗಲದ ಪಟ್ಟಿಯನ್ನೂ, 220 ಕಿಲೋವೋಲ್ಟಿನದಕ್ಕೆ 35 ಮೀಟರನ್ನೂ, 400 ಕಿಲೋವೋಲ್ಟಿನದಕ್ಕೆ 52 ಮೀಟರನ್ನೂ ತೆರವಾಗಿಡಬೇಕೆಂಬುದು ಬಹುಕಾಲ ಆಚರಣೆಯಲ್ಲಿದ್ದ ಮಾನ. ಎರಡು ಎಕರೆಯ ಹಿಡುವಳಿದಾರನೊಬ್ಬನ ಜಮೀನಿನ ನಡುವೆ 35 ಮೀಟರ್ ಅಗಲದ ಪಟ್ಟಿಯು ಹಾದರೆ ಅವನಿಗೆ ಉಳಿಯುವುದೇನೆಂದು ಯೋಚಿಸಿ. ರಾಗಿ, ಜೋಳ, ಹುರುಳಿಗಳನ್ನು ಬಿತ್ತಬಹುದು, ನಿಜ, ಆದರೆ ಆ ಪಟ್ಟಿಯೊಳಗೆ ತೆಂಗು ಅಡಿಕೆಗಳನ್ನು ನೆಡುವಂತಿಲ್ಲ, ಇದ್ದವುಗಳನ್ನು ಉಳಿಸಿಕೊಳ್ಳುವಂತಿಲ್ಲ, ಮನೆ ಕಟ್ಟುವಂತಿಲ್ಲ, ಕೊಳವೆಬಾವಿ ಕೊರೆಯುವ ಎತ್ತರದ ಯಂತ್ರವನ್ನು ತಂತಿಯ ಕೆಳಗೆ ನಿಲ್ಲಿಸುವುದು ಪ್ರಾಣಕ್ಕೇ ಅಪಾಯ. ಗೋಪುರದ ನಾಲ್ಕು ಕಾಲುಗಳ ನಡುವಣ ನೆಲವಂತೂ ಟ್ರಾಕ್ಟರಿಗೆ ನಿಲುಕದೆ ಮುಳ್ಳುಕಂಟಿಗಳ ಪಾಲಾಗುತ್ತದೆ. ಪಹಣಿಯಲ್ಲಿ ಹೆಸರು ಅವನದೇ ಇರುತ್ತದೆ, ಕಂದಾಯವನ್ನು ಅವನೇ ಕಟ್ಟುತ್ತಾನೆ. ಮಾರಹೊರಟಾಗ ಮಾತ್ರ ಕೊಳ್ಳಬಂದವನು ತಲೆಯೆತ್ತಿ ತಂತಿಯನ್ನು ನೋಡಿ ಬೆಲೆಯನ್ನು ತಗ್ಗಿಸುತ್ತಾನೆ, ಇಲ್ಲವೆ ಹಿಂದಿರುಗುತ್ತಾನೆ. ಒಂದು ತೆಂಗಿನ ಮರವು ಫಲಕ್ಕೆ ಬರಲು ಬೇಕಾಗುವ ವರ್ಷಗಳನ್ನೂ, ಬಂದಮೇಲೆ ಅದು ಮನೆತನದ ಎರಡು ಮೂರು ತಲೆಮಾರುಗಳಿಗೆ ಕೊಡುವ ಆಸರೆಯನ್ನೂ ಬಲ್ಲ ತುಮಕೂರು, ಹಾಸನ, ದಕ್ಷಿಣ ಕನ್ನಡದ ಕೃಷಿಕನಿಗೆ, ಒಂದೇ ದಿನದಲ್ಲಿ ಸಾಲುಮರಗಳನ್ನು ಉರುಳಿಸಿಕೊಳ್ಳುವುದು ಕೇವಲ ಹಣದ ನಷ್ಟವಲ್ಲ. ಇನ್ನು 17ನೆಯ ಕಲಮಿನ ಸ್ಥಳಾಂತರದ ಹಕ್ಕೋ! ಅತಿಥಿಯಂತಿದ್ದ ಕಂಬವನ್ನು ಸರಿಸಬಹುದಾಗಿತ್ತು. ಕಾಂಕ್ರೀಟಿನ ಅಡಿಪಾಯದ ಮೇಲೆ ನಿಂತು, ಹಿಂದುಮುಂದಿನ ಗೋಪುರಗಳ ಸರಳರೇಖೆಗೆ ಬದ್ಧವಾದ ಉಕ್ಕಿನ ಗೋಪುರವನ್ನು ಎರಡು ಎಕರೆಯ ಒಡೆಯನು ಸರಿಸೆಂದು ಕೇಳಿ ಫಲವೇನು?

ವ್ಯಾಜ್ಯಗಳು ಮೊದಲು ಹುಟ್ಟಿದುದು ಸಮ್ಮತಿಯ ಪ್ರಶ್ನೆಯಿಂದ. ಮಂಡಳಿಯ ಇಂಜಿನಿಯರುಗಳು ಬಂದು ಸರ್ವೆ ಮಾಡಿ ಗೂಟ ಹೊಡೆದು ಹೋದ ಮೇಲೆಯೇ ತನ್ನ ಹೊಲದಲ್ಲಿ ಲೈನು ಹಾಯುವುದೆಂದು ಒಡೆಯನಿಗೆ ತಿಳಿಯುವ ಸಂದರ್ಭಗಳು ಬಹಳ. ನೆಲವನ್ನು ಸ್ವಾಧೀನಪಡಿಸಿಕೊಳ್ಳುವ ಶಾಸನದಲ್ಲಿರುವಂಥ ಅಧಿಸೂಚನೆ, ಆಕ್ಷೇಪಣೆ, ವಿಚಾರಣೆ ಎಂಬ ಸೋಪಾನಗಳು 1885ರ ಶಾಸನದಲ್ಲಿಲ್ಲ. ತೆಂಗು ಅಡಿಕೆ ರಬ್ಬರುಗಳ ಕಿರುಹಿಡುವಳಿಗಳಿಂದ ತುಂಬಿದ ಕೇರಳದಲ್ಲಿ ಈ ಕೊರತೆಯು ತೀವ್ರವಾಗಿ ತೋರಿದುದು ಆಶ್ಚರ್ಯವಲ್ಲ. ಅಲ್ಲಿನ ಉಚ್ಚ ನ್ಯಾಯಾಲಯದ ಪೂರ್ಣಪೀಠವು 1970ರ ದಶಕದ ಆರಂಭದಲ್ಲಿ ಈ ಕಲಮುಗಳನ್ನು ವಿಮರ್ಶಿಸಿ, ಒಡೆಯನು ಅಡ್ಡಿಪಡಿಸಿದಾಗ ಪ್ರಾಧಿಕಾರವು ತನ್ನ ಬಲದಿಂದಲೇ ಮುನ್ನುಗ್ಗದೆ ಜಿಲ್ಲಾ ಮ್ಯಾಜಿಸ್ಟ್ರೇಟರ ಆಜ್ಞೆಯನ್ನು ಪಡೆಯಬೇಕೆಂದು ನಿರ್ಣಯಿಸಿತು. ಪರಿಣಾಮವಾಗಿ ಸಮ್ಮತಿಯ ಹಕ್ಕಿಲ್ಲದವನಿಗೆ ಆಕ್ಷೇಪದ ಹಕ್ಕಾದರೂ ದೊರೆಯಿತು. ಅಡ್ಡಿಪಡಿಸಿದವನಿಗೇ ತನ್ನ ಮಾತನ್ನು ಅಧಿಕಾರಿಯ ಮುಂದಿಡುವ ಅವಕಾಶ. ಕಾನೂನಿಗೆ ಹೆದರಿ ಸುಮ್ಮನಿದ್ದವನಿಗೆ ಆ ಅವಕಾಶವೂ ಇಲ್ಲ. ವಿಧೇಯನನ್ನು ಹೀಗೆ ದುರ್ಬಲನನ್ನಾಗಿಸುವ ವ್ಯವಸ್ಥೆಯು ಒಳ್ಳೆಯದಲ್ಲವೆಂದು ನಾನು ನಿಸ್ಸಂಕೋಚವಾಗಿ ಹೇಳಬಲ್ಲೆ.

2003ರ ವಿದ್ಯುಚ್ಛಕ್ತಿ ಅಧಿನಿಯಮವು 1910ರ ಮತ್ತು 1948ರ ಶಾಸನಗಳೆರಡನ್ನೂ ರದ್ದುಗೊಳಿಸಿ ಹೊಸ ವ್ಯವಸ್ಥೆಯನ್ನು ತಂದಿತು. ಈ ಸಂದರ್ಭದಲ್ಲಿ ಟೆಲಿಗ್ರಾಫ್ ಅಧಿಕಾರದ ಹಳೆಯ ಎರವಲು ಕೊನೆಗೊಳ್ಳಬಹುದಾಗಿತ್ತು, ಕೊನೆಗೊಳ್ಳಲಿಲ್ಲ. 1910ರ ಶಾಸನದ 51ನೆಯ ಕಲಮಿನ ಸತ್ವವೇ ಹೊಸದರ 164ನೆಯ ಕಲಮಾಗಿ ಪುನರ್ಜನ್ಮ ತಾಳಿತು. ಶಾಸನದಡಿಯಲ್ಲಿ 2006ರಲ್ಲಿ ರಚಿತವಾದ ನಿಯಮಗಳು, ಲೈಸೆನ್ಸುದಾರನು ಒಡೆಯನ ಪೂರ್ವಸಮ್ಮತಿಯನ್ನು ಪಡೆಯಬೇಕೆಂದೂ, ಒಡೆಯನು ಒಪ್ಪದಿದ್ದರೆ ಜಿಲ್ಲಾ ಮ್ಯಾಜಿಸ್ಟ್ರೇಟರ ಅಥವಾ ಪೊಲೀಸ್ ಕಮಿಷನರರ ಲಿಖಿತ ಅನುಮತಿಯನ್ನು ಪಡೆಯಬೇಕೆಂದೂ ಹೇಳಿದವಷ್ಟೆ. ಆದರೆ 164ನೆಯ ಕಲಮಿನ ಅಧಿಕಾರಕ್ಕೆ ಇದರಿಂದ ಬಾಧಕವಿಲ್ಲವೆಂದು ಅಲ್ಲಿಯೇ ಕೂಡಿಸಿದವು. ಈ ಮಾತಿನ ಅರ್ಥವ್ಯಾಪ್ತಿಯು ಛತ್ತೀಸಗಡದ ಒಂದು ವ್ಯಾಜ್ಯದಲ್ಲಿ ನಿರ್ಧಾರವಾಯಿತು. ಸೆಂಚುರಿ ಟೆಕ್ಸ್‌ಟೈಲ್ಸ್ ಸಂಸ್ಥೆಯು ಸುಣ್ಣಕಲ್ಲಿನ ಗಣಿಗಾರಿಕೆಗಾಗಿ ಗುತ್ತಿಗೆ ಹಿಡಿದಿದ್ದ ನೆಲದ ಮೇಲೆ ಪವರ್ ಗ್ರಿಡ್ ನಿಗಮವು ಲೈನನ್ನು ಹಾಯಿಸಿತು. ತನ್ನ ಸಮ್ಮತಿಯನ್ನು ಪಡೆದಿಲ್ಲವೆಂದು ಸಂಸ್ಥೆಯು ನ್ಯಾಯಾಲಯವನ್ನೇರಿತು. 2016ರ ಡಿಸೆಂಬರಿನಲ್ಲಿ ಸರ್ವೋಚ್ಚ ನ್ಯಾಯಾಲಯವು, 164ನೆಯ ಕಲಮಿನಡಿ ಟೆಲಿಗ್ರಾಫ್ ಪ್ರಾಧಿಕಾರದ ಅಧಿಕಾರವನ್ನು ಪಡೆದವರಿಗೆ ಒಡೆಯನ ಪೂರ್ವಸಮ್ಮತಿಯ ಅಗತ್ಯವಿಲ್ಲವೆಂದು ತೀರ್ಪಿತ್ತಿತು. ದೊಡ್ಡ ಉದ್ಯಮ ಸಂಸ್ಥೆಗೂ ದೊರೆಯದ ತಡೆಯು ಸಣ್ಣ ಹಿಡುವಳಿದಾರನಿಗೆ ದೊರೆಯುವುದೆಂಬ ಆಸೆಯು ಅಂದಿಗೆ ಮುಗಿಯಿತು.

ನ್ಯಾಯಾಲಯಗಳ ಈ ನಿಲುವಿಗೆ ಕಾರಣವಿಲ್ಲದಿಲ್ಲ. ವಿದ್ಯುತ್ತು ಇಂದು ಅನ್ನ ನೀರುಗಳಷ್ಟೇ ಅವಶ್ಯಕ. ನೂರಾರು ಹಳ್ಳಿಗಳನ್ನು ಹಾಯುವ ಮಾರ್ಗದಲ್ಲಿ ಪ್ರತಿಯೊಬ್ಬ ಒಡೆಯನ ಸಮ್ಮತಿಗಾಗಿ ಕಾಯುವುದಾದರೆ ಮಾರ್ಗವೇ ಆಗಲಾರದು. 2003ರಲ್ಲಿ ಒಡಿಶಾದ ತಾಲ್ಚೇರಿನಿಂದ ನಮ್ಮ ಕೋಲಾರಕ್ಕೆ 1300 ಕಿಲೋಮೀಟರಿಗೂ ಮಿಗಿಲಾದ ಏಕಮುಖ ಪ್ರವಾಹದ ಮಹಾಮಾರ್ಗವು ಬಂದಿತಲ್ಲವೇ, ಅದು ಹಾದ ಸರ್ವೆ ನಂಬರುಗಳೆಷ್ಟಿರಬಹುದು! ಮಾರ್ಗವು ಎಲ್ಲಿ ಹಾಯಬೇಕೆಂಬುದು ತಜ್ಞರ ವಿಷಯವೆಂದು ನ್ಯಾಯಾಧೀಶರು ಸಾಮಾನ್ಯವಾಗಿ ಅದರಲ್ಲಿ ಕೈಹಾಕಲೊಪ್ಪುವುದಿಲ್ಲ. ಮೈಸೂರಿನಿಂದ ಕೋಳಿಕ್ಕೋಡಿಗೆ ಹೋಗುವ 400 ಕಿಲೋವೋಲ್ಟಿನ ಮಾರ್ಗವು ಕೊಡಗಿನ ಕಾಡು ಮತ್ತು ಕಾಫಿ ತೋಟಗಳ ಸಾವಿರಾರು ಮರಗಳನ್ನು ಬಲಿಗೊಳ್ಳುವುದೆಂದು ಅಲ್ಲಿನ ಜನರು ವರ್ಷಾನುಗಟ್ಟಲೆ ಹೋರಾಡಿದರು. 2015ರ ಕೊನೆಯ ಹೊತ್ತಿಗೆ ಆ ಮಾರ್ಗವು ಚಾಲನೆಗೊಂಡಿತು. ಇತ್ತೀಚೆಗೆ ಉಡುಪಿ ಕಾಸರಗೋಡು ಮಾರ್ಗಕ್ಕೆ ದಕ್ಷಿಣ ಕನ್ನಡದ ಅಡಿಕೆ ಬೆಳೆಗಾರರಿಂದ ಬಂದ ಪ್ರತಿರೋಧವೂ ಅದೇ ಜಾತಿಯದು. ಸಾರ್ವಜನಿಕ ಹಿತದ ಹೆಸರಿನಲ್ಲಿ ಸಮ್ಮತಿಯನ್ನು ಬದಿಗಿಡುವುದು ಅನಿವಾರ್ಯವಾದ ಪಕ್ಷದಲ್ಲಿ ನ್ಯಾಯದ ಭಾರವೆಲ್ಲವೂ ಪರಿಹಾರದ ಮೇಲೆ ಬೀಳುತ್ತದೆ. ಹಳೆಯ ಶಾಸನವು ಕುಸಿಯುವುದು ಸರಿಯಾಗಿ ಅಲ್ಲಿಯೇ.

ಸರ್ಕಾರಕ್ಕೆ ಬಳಕೆಯ ಹಕ್ಕು ಮಾತ್ರವೆಂಬ ಮಿತಿಯು ಒಡೆಯನ ರಕ್ಷಣೆಗಾಗಿ ಹುಟ್ಟಿದುದೆಂದು ಹಿಂದೆ ಹೇಳಿದೆನಷ್ಟೆ. ಗೋಪುರದ ಕಾಲದಲ್ಲಿ ಆ ರಕ್ಷಣೆಯೇ ಅವನಿಗೆ ಮುಳುವಾಯಿತು. ಅವನ ನೆಲವನ್ನು 1894ರ ಭೂಸ್ವಾಧೀನ ಅಧಿನಿಯಮದ ಪ್ರಕಾರ ತೆಗೆದುಕೊಂಡಿದ್ದರೆ ಮಾರುಕಟ್ಟೆಯ ಬೆಲೆಯೂ, ಒಲ್ಲದ ಮಾರಾಟದ ನೋವಿಗೆ ಸಮಾಧಾನವಾಗಿ ಅದರ ಮೇಲೆ ಶೇಕಡಾ 15ರಷ್ಟು, 1984ರ ತಿದ್ದುಪಡಿಯ ಅನಂತರ ಶೇಕಡಾ 30ರಷ್ಟು, ಹೆಚ್ಚಿನ ಮೊತ್ತವೂ ಸಿಗುತ್ತಿತ್ತು. ನೆಲವು ನಿನ್ನದೇ ಎಂದು ಹೇಳಿ ಬಿಟ್ಟುಹೋದುದರಿಂದ ಅವನಿಗೆ ಕಡಿದ ಮರಕ್ಕೂ ತುಳಿದ ಪೈರಿಗೂ ಮಾತ್ರ ಹಣ ಬಂದಿತು. ನೆಲದಡಿಯಲ್ಲಿ ತೈಲದ ಕೊಳವೆಯನ್ನು ಹಾಯಿಸುವ ವಿಷಯಕ್ಕೆ 1962ರಲ್ಲಿ ಬಂದ ಪ್ರತ್ಯೇಕ ಶಾಸನವಾದರೋ ಆಕ್ಷೇಪಣೆಗೆ 21 ದಿನಗಳ ಅವಧಿಯನ್ನೂ, ಹಾನಿಯ ಪರಿಹಾರದ ಜೊತೆಗೆ ನೆಲದ ಬೆಲೆಯ ಶೇಕಡಾ 10ರಷ್ಟನ್ನೂ ಗೊತ್ತುಮಾಡಿತ್ತು. ಕಣ್ಣಿಗೆ ಕಾಣದ ಕೊಳವೆಗೆ ಅಷ್ಟಾದರೂ ಬೆಲೆಯುಂಟು. ತಲೆಯ ಮೇಲೆ ತೂಗುವ ತಂತಿಗೆ ದಶಕಗಳ ಕಾಲ ಅಷ್ಟೂ ಇರಲಿಲ್ಲ.

ಹೀಗಾಗಿ ಜಿಲ್ಲಾ ನ್ಯಾಯಾಧೀಶರ ಮುಂದೆ ಅರ್ಜಿಗಳ ರಾಶಿಯೇ ಬೆಳೆಯಿತು. ಮಹಜರಿನಲ್ಲಿ ಎಷ್ಟು ಮರಗಳನ್ನು ಬರೆದಿದ್ದಾರೆ, ಮರದ ವಯಸ್ಸೆಷ್ಟು, ವರ್ಷಕ್ಕೆ ಎಷ್ಟು ಕಾಯಿ, ಖರ್ಚು ಕಳೆದು ಉಳಿಯುವ ಆದಾಯವನ್ನು ಎಷ್ಟು ವರ್ಷಗಳಿಂದ ಗುಣಿಸಬೇಕು ಎಂಬಿವೇ ಅಲ್ಲಿನ ವಾದಗಳು. ತೋಟಗಾರಿಕೆ ಇಲಾಖೆಯ ಅಂದಾಜಿಗೂ ಬೆಳೆಗಾರನ ಲೆಕ್ಕಕ್ಕೂ ಅಜಗಜಾಂತರ. ನೆಲದ ಬೆಲೆ ಕುಸಿದುದೂ ಹಾನಿಯೇ ಅಲ್ಲವೇ ಎಂಬ ಪ್ರಶ್ನೆಗೆ ನ್ಯಾಯಾಲಯಗಳು ಭಿನ್ನವಾದ ಉತ್ತರಗಳನ್ನು ಕೊಡುತ್ತಿದ್ದವು. ಕೇರಳದ ವಿದ್ಯುಚ್ಛಕ್ತಿ ಮಂಡಳಿಯ ಮೇಲ್ಮನವಿಗಳ ಗುಚ್ಛವೊಂದರಲ್ಲಿ ಸರ್ವೋಚ್ಚ ನ್ಯಾಯಾಲಯವು 2007ರಲ್ಲಿ ಈ ಪ್ರಶ್ನೆಗೆ ನೀಡಿದ ಉತ್ತರವು ಈ ಇತಿಹಾಸದಲ್ಲಿ ರೈತನ ಪಕ್ಷಕ್ಕೆ ಬಂದ ಮೊದಲ ಗಟ್ಟಿಯಾದ ಆಧಾರ. ಎಲ್ಲ ಪ್ರಕರಣಗಳಿಗೂ ಒಂದೇ ಸೂತ್ರವು ಸಲ್ಲದು. ನೆಲವಿರುವ ಸ್ಥಳ, ತಂತಿಗೂ ಅದಕ್ಕೂ ಇರುವ ದೂರ, ಮಾರ್ಗವು ಅಂಚಿನಲ್ಲಿ ಹಾದಿದೆಯೋ ನಟ್ಟನಡುವೆ ಹಾದಿದೆಯೋ ಎಂಬಿವೆಲ್ಲವನ್ನೂ ಗಮನಿಸಬೇಕು. ನೆಲದ ಬೆಲೆಯೂ ಸಂಗತವಾದ ಅಂಶವೇ ಎಂದು ನ್ಯಾಯಾಲಯವು ಹೇಳಿತು. ನೆಲವು ಯಾವ ಉದ್ದೇಶಕ್ಕಾಗಿತ್ತೋ ಆ ಉದ್ದೇಶಕ್ಕೆ ಬಳಸುವ ಹಕ್ಕನ್ನೇ ಒಡೆಯನು ಕಳೆದುಕೊಳ್ಳಬಹುದೆಂಬ ಸತ್ಯವನ್ನು, ಯಾವ ರೈತನೂ ತನ್ನ ಹೊಲದ ಬದುವಿನ ಮೇಲೆ ನಿಂತು ಹೇಳಬಲ್ಲ ಸತ್ಯವನ್ನು, ಶಾಸನವು ಜನಿಸಿದ 122 ವರ್ಷಗಳ ತರುವಾಯ ದೇಶದ ಅತ್ಯುಚ್ಚ ನ್ಯಾಯಪೀಠವು ಒಪ್ಪಿಕೊಂಡಿತು.

ಪಟ್ಟಣಗಳ ಕಥೆಯು ಸ್ವಲ್ಪ ಬೇರೆ. ಅಲ್ಲಿ ಲೈನಿನ ಬಳಿಗೆ ಮನೆಯೇ ನಡೆದು ಬರುತ್ತದೆ. 1956ರ ವಿದ್ಯುಚ್ಛಕ್ತಿ ನಿಯಮಗಳ ಪ್ರಕಾರ 11 ಕಿಲೋವೋಲ್ಟಿನ ತಂತಿಗೂ ಕಟ್ಟಡಕ್ಕೂ ಅಡ್ಡಲಾಗಿ 1.2 ಮೀಟರ್, ಮೇಲ್ಮುಖವಾಗಿ 3.7 ಮೀಟರ್ ಅಂತರವಿರಬೇಕಿತ್ತು. ತಂತಿಯ ಬಳಿ ಹೊಸದಾಗಿ ಕಟ್ಟುವವನು ಮೊದಲು ವಿದ್ಯುತ್ ಸರಬರಾಜುದಾರನಿಗೂ ಇನ್ಸ್‌ಪೆಕ್ಟರಿಗೂ ಲಿಖಿತ ಸೂಚನೆಯನ್ನು ಕೊಡಬೇಕಿತ್ತು. ರೆವಿನ್ಯೂ ನಿವೇಶನಗಳನ್ನು ಕೊಂಡು ಅಂಗುಲವನ್ನೂ ಬಿಡದೆ ಕಟ್ಟುತ್ತ ಹೋದ ನಮ್ಮ ನಗರಗಳ ಹೊರವಲಯದಲ್ಲಿ ಈ ಅಂತರಗಳಾಗಲಿ ಸೂಚನೆಗಳಾಗಲಿ ಪಾಲನೆಯಾದುದು ಅಪರೂಪ. ತಾರಸಿಯ ಮೇಲೆ ಬಟ್ಟೆ ಒಣಗಿಸಲು ಹೋದವರು, ಗಾಳಿಪಟ ಹಾರಿಸಲು ಹತ್ತಿದ ಮಕ್ಕಳು ಅವಘಡಕ್ಕೀಡಾದಾಗ, ತಂತಿ ಮೊದಲೋ ಮನೆ ಮೊದಲೋ ಎಂಬ ವಾದವು ನ್ಯಾಯಾಲಯದಲ್ಲಿ ಏಳುತ್ತದೆ. ಅಂಥ ನಿವೇಶನವನ್ನು ಮಾರಿದವನ ಹೆಸರು ಆ ವಾದದಲ್ಲಿ ಕೇಳಿಬರುವುದೇ ಇಲ್ಲವೆಂಬುದು ನನಗೆ ಅತ್ಯಂತ ಖೇದಕರವಾಗಿ ತೋರುತ್ತದೆ.

2013ರ ಜುಲೈನಲ್ಲಿ ಭಾರತದ ಟೆಲಿಗ್ರಾಂ ಸೇವೆಯು ನಿಂತುಹೋಯಿತು. 10 ವರ್ಷಗಳ ಅನಂತರ, 2023ರ ಡಿಸೆಂಬರಿನಲ್ಲಿ, ಹೊಸ ದೂರಸಂಪರ್ಕ ಅಧಿನಿಯಮವು 1885ರ ಶಾಸನಕ್ಕೆ ಮಂಗಳ ಹಾಡಿತು. ಆದರೆ ವಿದ್ಯುತ್ ಅಧಿನಿಯಮದ 164ನೆಯ ಕಲಮಿನಡಿ ಮಾರ್ಗಗಳನ್ನು ಹಾಯಿಸುವ ವಿಷಯಕ್ಕೆ ಹಳೆಯ ಶಾಸನದ ಮೂರನೆಯ ಭಾಗವು ಮುಂದುವರಿಯತಕ್ಕದ್ದೆಂದು ಅದು ಪ್ರತ್ಯೇಕವಾಗಿ ವಿಧಿಸಿತು. ಟೆಲಿಗ್ರಾಫಿಗಾಗಿ ಬರೆದ ವಿಧಿಗಳು ಈಗ ಟೆಲಿಗ್ರಾಫನ್ನು ಬಿಟ್ಟು ವಿದ್ಯುತ್ತಿಗಾಗಿಯೇ ಉಳಿದಿವೆ.

ಪರಿಹಾರದ ವಿಷಯದಲ್ಲಿ ಮಾತ್ರ ಸರ್ಕಾರವು ಶಾಸನವನ್ನು ಮುಟ್ಟದೆ ಮಾರ್ಗಸೂಚಿಗಳ ಮೂಲಕ ಮುಂದಡಿಯಿಟ್ಟಿದೆ. 2015ರ ಅಕ್ಟೋಬರಿನಲ್ಲಿ ಕೇಂದ್ರ ವಿದ್ಯುಚ್ಛಕ್ತಿ ಸಚಿವಾಲಯವು, 66 ಕಿಲೋವೋಲ್ಟ್ ಮತ್ತು ಅದಕ್ಕೆ ಮೇಲ್ಪಟ್ಟ ಮಾರ್ಗಗಳ ಗೋಪುರದ ಬುಡದ ನೆಲಕ್ಕೆ ಅದರ ಬೆಲೆಯ ಶೇಕಡಾ 85ರಷ್ಟನ್ನೂ, ತಂತಿಯ ಕೆಳಗಣ ಪಟ್ಟಿಗೆ ಗರಿಷ್ಠ ಶೇಕಡಾ 15ರಷ್ಟನ್ನೂ ಕೊಡಬೇಕೆಂದು ಸೂಚಿಸಿತು; 2024ರ ಜೂನಿನಲ್ಲಿ ಅದನ್ನು ಪರಿಷ್ಕರಿಸಿ ಬುಡದ ನೆಲಕ್ಕೆ ಬೆಲೆಯ ಶೇಕಡಾ 200, ಪಟ್ಟಿಗೆ ಶೇಕಡಾ 30 ಎಂದು ಏರಿಸಿತು. ಇದು ಸಣ್ಣ ಮಾತಲ್ಲ. ಗೋಪುರದ ನಾಲ್ಕು ಕಾಲುಗಳ ನಡುವಣ ನೆಲವು ಒಡೆಯನಿಗೆ ಇಲ್ಲದಂತಾಯಿತೆಂಬುದನ್ನು ಆಡಳಿತವು ಲೆಕ್ಕದಲ್ಲಿ ಒಪ್ಪಿಕೊಂಡಂತಾಯಿತು. ಆದರೂ ಇವು ರಾಜ್ಯಗಳು ಅಂಗೀಕರಿಸಿಕೊಳ್ಳಬೇಕಾದ ಮಾರ್ಗಸೂಚಿಗಳೇ ಹೊರತು ಶಾಸನವಲ್ಲ. ಬೆಲೆಯನ್ನು ನಿಗದಿಪಡಿಸುವಲ್ಲಿ ನೋಂದಣಿ ಕಚೇರಿಯ ದರಕ್ಕೂ ಊರಿನಲ್ಲಿ ನಡೆಯುವ ದರಕ್ಕೂ ಇರುವ ಅಂತರವು ಹೊಸ ತಕರಾರುಗಳಿಗೆ ಎಡೆಗೊಡುತ್ತದೆ. ಶೇಕಡಾ 30ಕ್ಕೆ ತಕ್ಕ ಪಟ್ಟಿಯಲ್ಲಿ ತೆಂಗಿನ ತೋಟವಿದ್ದವನಿಗೂ ಹುರುಳಿಯ ಹೊಲವಿದ್ದವನಿಗೂ ನೆಲದ ಲೆಕ್ಕದಲ್ಲಿ ಒಂದೇ ಪ್ರಮಾಣ. ಹಿಂದಿನ ದಶಕಗಳಲ್ಲಿ ಎದ್ದು ನಿಂತ ಗೋಪುರಗಳ ಕೆಳಗಣ ನೆಲದ ಒಡೆಯರಿಗೆ ಈ ಹೊಸ ದರದ ಬಾಗಿಲು ತೆರೆದಿಲ್ಲ. ಕೊಟ್ಟುದು ಸಾಲದೆನ್ನುವವನು ಇಂದಿಗೂ 16ನೆಯ ಕಲಮಿನ ಮೂರನೆಯ ಉಪಕಲಮಿನಡಿ ಜಿಲ್ಲಾ ನ್ಯಾಯಾಧೀಶರಿಗೆ ಅರ್ಜಿ ಸಲ್ಲಿಸಬೇಕು. ಅವರ ತೀರ್ಪಿನ ಮೇಲೆ ಅಪೀಲಿಲ್ಲ, ಉಚ್ಚ ನ್ಯಾಯಾಲಯದ ಮೇಲ್ವಿಚಾರಣೆಯ ಅಧಿಕಾರವನ್ನು ಮೊರೆಹೋಗುವುದೊಂದೇ ಮಾರ್ಗ.